ದಿವಾಳಿ ದೊರೆಯ ಸಿನಿಮಾ

ಕೇಳುಗರಿಗೆ ನಮಸ್ಕಾರ.

ಜರ್ಮನಿಯ ಮೂಕಿ ಚಿತ್ರ ಅಂದ ಕೂಡಲೇ ಎಲ್ಲರೂ ‘ನೊಸ್ಫೆರಾಟು’ ಅನ್ನುತ್ತಾರೆ. 1922ರಲ್ಲಿ ಬಂದ ರಕ್ತ ಹೀರುವ ಪಿಶಾಚಿಯ ಕಥೆ. ನಿರ್ದೇಶಕರು ಮುರ್ನಾವ್. ಸರಿ, ದೊಡ್ಡ ಚಿತ್ರವೇ. ಆದರೆ ಅದೇ ಮುರ್ನಾವ್ 1924ರಲ್ಲಿ ಒಂದು ಹಾಸ್ಯ ಚಿತ್ರವನ್ನೂ ಕೊಟ್ಟರು, ‘ಗ್ರ್ಯಾಂಡ್ ಡ್ಯೂಕನ ಹಣಕಾಸು’ ಅಂತ. ಅದನ್ನು ಯಾಕೆ ಯಾರೂ ನೋಡುವುದಿಲ್ಲ? ದಯವಿಟ್ಟು ನೋಡಿ.

ಅಬಾಕ್ಕೊ ಅಂತ ಒಂದು ಪುಟ್ಟ ದ್ವೀಪ ರಾಜ್ಯ, ಬರೀ ಕಲ್ಪನೆಯದು. ಖಜಾನೆ ಖಾಲಿ, ಅದನ್ನಾಳುವ ದೊರೆ ಡ್ಯೂಕನಿಗೆ ಕುತ್ತಿಗೆವರೆಗೂ ಸಾಲ. ನಾವು ಅವನನ್ನು ಮೊದಲು ನೋಡುವಾಗ ಏನು ಮಾಡುತ್ತಿರುತ್ತಾನೆ ಗೊತ್ತಾ? ಸಮುದ್ರಕ್ಕೆ ನಾಣ್ಯ ಎಸೆಯುತ್ತಿರುತ್ತಾನೆ! ಹುಡುಗರು ನೀರಿಗೆ ಧುಮುಕಿ, ಮುಳುಗಿ ಹೆಕ್ಕಿ ತರುತ್ತಾರೆ. ಅವನಿಗೆ ಅದೇ ಖುಷಿ.

ಈ ದೃಶ್ಯವನ್ನು ಅಂದಿನ ಜರ್ಮನ್ನರ ಪಕ್ಕ ಕೂತು ನೋಡಬೇಕು. 1923ರಲ್ಲಿ ಅವರ ಹಣ ಮಾರ್ಕ್‌ನ ಬೆಲೆ ನೆಲ ಕಚ್ಚಿತ್ತು. ನವೆಂಬರ್ ಹೊತ್ತಿಗೆ ಒಂದು ಡಾಲರಿಗೆ 4 ಲಕ್ಷ 20 ಸಾವಿರ ಕೋಟಿ ಮಾರ್ಕ್! ಸಂಬಳ ಕೈಗೆ ಬಂತೋ, ಅಂಗಡಿಗೆ ಓಡಬೇಕು. ತಡ ಮಾಡಿದರೆ ಬ್ರೆಡ್ಡಿನ ಬೆಲೆ ಮತ್ತೆ ಏರಿರುತ್ತಿತ್ತು. ನೋಟಿನ ಕಟ್ಟುಗಳನ್ನು ಒಂದರ ಮೇಲೊಂದು ಜೋಡಿಸಿ ಮಕ್ಕಳು ಆಟ ಆಡುತ್ತಿದ್ದರು. ಜೀವಮಾನವೆಲ್ಲ ಕೂಡಿಟ್ಟದ್ದು ಹೋಯಿತು. ಚಿತ್ರ ತೆರೆಗೆ ಬಂದದ್ದು 1924ರ ಜನವರಿಯಲ್ಲಿ, ಅಂದರೆ ಅದಾಗಿ ಕೆಲವೇ ವಾರಕ್ಕೆ. ಕೈಯಲ್ಲಿ ಕಾಸಿಲ್ಲದ ಜನರ ಮುಂದೆ ಒಬ್ಬ ದಿವಾಳಿ ದೊರೆ ನಗುನಗುತ್ತಾ ನಾಣ್ಯ ಎಸೆಯುತ್ತಾನೆ. ಎಂಥ ಧೈರ್ಯ ಅಲ್ವಾ? ಅದಕ್ಕೇ ಹೇಳುತ್ತಿದ್ದೇನೆ, ಇದು ಸುಮ್ನೆ ಹೊತ್ತು ಕಳೆಯುವ ಚಿತ್ರವಲ್ಲ.

ಅಯ್ಯೋ, ಸಮಯ ಓಡುತ್ತಿದೆ. ಉಳಿದ ಕಥೆ ಬೇಗ ಹೇಳಿಬಿಡುತ್ತೇನೆ. ದ್ವೀಪದಲ್ಲಿ ಗಂಧಕವಿದೆ, ಅದರ ಮೇಲೆ ಒಬ್ಬ ವ್ಯಾಪಾರಿಯ ಕಣ್ಣು. ಡ್ಯೂಕ್ ಒಪ್ಪುವುದಿಲ್ಲ. ಶ್ರೀಮಂತ ರಷ್ಯನ್ ರಾಜಕುಮಾರಿ ಓಲ್ಗಾಳನ್ನು ಮದುವೆಯಾದರೆ ಸಾಲ ತೀರುತ್ತದೆ, ಆದರೆ ಮದುವೆಯ ವಿಷಯ ಬರೆದ ಅವಳ ಪತ್ರ ದುಷ್ಟರ ಕೈ ಸೇರುತ್ತದೆ. ಇದರ ನಡುವೆ ಕಾಲಿನ್ಸ್ ಎಂಬ ಠಾಕುಠೀಕಾದ ಚಾಲಾಕಿ. ಆ ಪಾತ್ರ ಮಾಡಿದ ಆಲ್ಫ್ರೆಡ್ ಆಬೆಲ್ ಅವರೇ ಮುಂದೆ ‘ಮೆಟ್ರೊಪೊಲಿಸ್’ ಚಿತ್ರದಲ್ಲಿ ನಗರದ ಒಡೆಯನಾದರು. ಡ್ಯೂಕನ ವಿರುದ್ಧ ಪಿತೂರಿ ಮಾಡುವವರ ಗುಂಪಿನಲ್ಲಿ ಒಂದು ಮುಖವನ್ನು ಗಮನವಿಟ್ಟು ನೋಡಿ. ನೊಸ್ಫೆರಾಟುವಿನ ಪಿಶಾಚಿ ಮ್ಯಾಕ್ಸ್ ಶ್ರೆಕ್ ಅಲ್ಲೇ ಇದ್ದಾರೆ!

ಸಮುದ್ರದ ದೃಶ್ಯಗಳೆಲ್ಲ ಆಡ್ರಿಯಾಟಿಕ್ ಕರಾವಳಿಯವು, ನಿಜವಾದ ಬಿಸಿಲಿನವು. ಕ್ಯಾಮೆರಾ ಹಿಡಿದವರಲ್ಲಿ ಕಾರ್ಲ್ ಫ್ರಾಯಿಂಡ್ ಒಬ್ಬರು. ಅವರ ಬಗ್ಗೆಯೇ ಒಂದು ದಿನ ಮಾತಾಡಬಹುದು. ಈ ವಾರ ಬಿಡುವಾದಾಗ ಪಿಶಾಚಿಯನ್ನು ಬದಿಗಿಟ್ಟು ಈ ಡ್ಯೂಕನನ್ನು ನೋಡಿ. ನಮಸ್ಕಾರ.