ಪದ್ಮರಾಜನ್: ಬರೆದವನೇ ನಿರ್ದೇಶಿಸಿದಾಗ

ಮಾನ್ಯ ಸಭಿಕರೇ,

ಪಿ. ಪದ್ಮರಾಜನ್ ಅವರು ಚಿತ್ರರಂಗಕ್ಕೆ ಬರುವ ಹೊತ್ತಿಗಾಗಲೇ ಮಲಯಾಳ ಸಾಹಿತ್ಯದಲ್ಲಿ ಹೆಸರು ಮಾಡಿದ್ದರು. 1945ರಲ್ಲಿ ಆಲಪ್ಪುಳ ಸೀಮೆಯ ಮುತುಕುಳದಲ್ಲಿ ಹುಟ್ಟಿದ ಅವರು, ತ್ರಿಶ್ಶೂರಿನ ಆಕಾಶವಾಣಿಯಲ್ಲಿ ಕೆಲಸಕ್ಕೆ ಸೇರಿ, ಅಲ್ಲಿಂದ ತಿರುವನಂತಪುರಕ್ಕೆ ಹೋಗಿ, 1986ರವರೆಗೂ ಆ ನೌಕರಿಯಲ್ಲಿದ್ದುಕೊಂಡೇ ಕಥೆ, ಕಾದಂಬರಿ, ಚಿತ್ರಕಥೆಗಳನ್ನು ಬರೆದರು. ‘ನಕ್ಷತ್ರಙಳೇ ಕಾವಲ್’ ಕಾದಂಬರಿಗೆ ಕೇರಳ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಾಗ ಅವರಿಗೆ ಮೂವತ್ತೂ ತುಂಬಿರಲಿಲ್ಲ.

ಅವರ ಮೊದಲ ಚಿತ್ರಕಥೆ ‘ಪ್ರಯಾಣಂ’ 1975ರಲ್ಲಿ ತೆರೆಗೆ ಬಂತು. ಅದನ್ನು ನಿರ್ದೇಶಿಸಿದ ಭರತನ್ ಮೂಲತಃ ಚಿತ್ರಕಲಾವಿದರು. ‘ರತಿನಿರ್ವೇದಂ’, ‘ತಗರ’, ‘ಲಾರಿ’ ಹೀಗೆ ಈ ಜೋಡಿಯ ಕೆಲಸ ಮುಂದುವರಿಯಿತು. ಐ.ವಿ. ಶಶಿ, ಕೆ.ಜಿ. ಜಾರ್ಜ್ ಅವರಿಗೂ ಪದ್ಮರಾಜನ್ ಬರೆದುಕೊಟ್ಟರು. 1979ರಲ್ಲಿ ತಮ್ಮದೇ ಕಾದಂಬರಿ ‘ಪೆರುವಳಿಯಂಬಲಂ’ ಅನ್ನು ತಾವೇ ನಿರ್ದೇಶಿಸಿದರು. ಊರಿಗೆಲ್ಲ ಭಯ ಹುಟ್ಟಿಸಿದ್ದ ಪುಂಡನೊಬ್ಬನನ್ನು ಕೊಂದು ತಲೆಮರೆಸಿಕೊಳ್ಳುವ ಹುಡುಗನ ಕಥೆಯದು. ಹೊಸ ನಟ ಅಶೋಕನ್ ಮುಖ್ಯ ಪಾತ್ರದಲ್ಲಿದ್ದ ಈ ಚಿತ್ರಕ್ಕೆ ಮಲಯಾಳದ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಸಂದಿತು.

ಆಮೇಲಿನ ಹನ್ನೆರಡು ವರ್ಷಗಳಲ್ಲಿ ಅವರು ನಿರ್ದೇಶಿಸಿದ ಚಿತ್ರಗಳೆಲ್ಲವೂ ಒಂದೇ ತೂಕದವಲ್ಲ. ಆದರೆ ಬರಹಗಾರನೊಬ್ಬ ಕ್ಯಾಮೆರಾ ಹಿಂದೆ ನಿಂತಾಗ ಏನಾಗುತ್ತದೆ ಎಂಬುದಕ್ಕೆ ಎರಡು ಚಿತ್ರಗಳನ್ನು ನೋಡಿದರೆ ಸಾಕೆಂದು ನನಗೆ ತೋರುತ್ತದೆ. ಎರಡರಲ್ಲೂ ಪ್ರೀತಿ ಅಕ್ಷರದ ಮೂಲಕವೇ ದಾರಿ ಮಾಡಿಕೊಳ್ಳುತ್ತದೆ.

1986ರ ‘ನಮುಕ್ಕು ಪಾರ್ಕಾನ್ ಮುಂತಿರಿತ್ತೋಪ್ಪುಕಳ್’, ಕೆ.ಕೆ. ಸುಧಾಕರನ್ ಅವರ ಕಾದಂಬರಿಯನ್ನು ಆಧರಿಸಿದ್ದು. ದ್ರಾಕ್ಷಿತೋಟದ ಸೋಲೊಮನ್ ನೆರೆಮನೆಯ ಸೋಫಿಯಾಳಿಗೆ ತನ್ನ ಮನಸ್ಸನ್ನು ನೇರವಾಗಿ ಹೇಳುವುದಿಲ್ಲ. ಬೈಬಲ್ಲಿನ ಪರಮಗೀತೆಯ 7ನೆಯ ಅಧ್ಯಾಯದ 12ನೆಯ ವಚನವನ್ನು ಓದಿಕೋ ಎನ್ನುತ್ತಾನೆ. ಮುಂಜಾನೆ ದ್ರಾಕ್ಷಿತೋಟಗಳಿಗೆ ಹೋಗೋಣ, ಬಳ್ಳಿ ಚಿಗುರಿದೆಯೋ ನೋಡೋಣ, ಅಲ್ಲಿ ನಿನಗೆ ನನ್ನ ಪ್ರೀತಿಯನ್ನು ಕೊಡುತ್ತೇನೆ ಎಂಬ ಅರ್ಥದ ಸಾಲುಗಳವು. ಪುಟ ತೆರೆದು ಓದುವವಳು ಅವಳು, ಒಪ್ಪುವವಳೂ ಅವಳೇ. ಮುಂದೆ ಮಲತಂದೆಯೇ ಅವಳ ಮೇಲೆ ಅತ್ಯಾಚಾರವೆಸಗುತ್ತಾನೆ. ಇಂಥ ತಿರುವಿನಲ್ಲಿ ನಾಯಕಿಯನ್ನು ಸಾಯಿಸಿಬಿಡುವುದು ಅಂದಿನ ಸಿನಿಮಾಗಳ ರೂಢಿಯೇ ಆಗಿತ್ತು. ಇಲ್ಲಿ ಸೋಲೊಮನ್ ಬಂದು ಅವಳನ್ನು ತನ್ನ ಲಾರಿಯಲ್ಲಿ ಕೂರಿಸಿಕೊಂಡು ಹೊರಡುತ್ತಾನೆ. ಆ ವಚನದಲ್ಲಿ ಕೊಟ್ಟ ಮಾತನ್ನು ಅವನು ಹಿಂತೆಗೆದುಕೊಳ್ಳಲಿಲ್ಲ, ಅಷ್ಟೆ.

ಮರುವರ್ಷದ ‘ತೂವಾನತ್ತುಂಬಿಕಳ್’ ತಮ್ಮದೇ ಕಾದಂಬರಿ ‘ಉದಕಪ್ಪೋಳ’ವನ್ನು ಆಧರಿಸಿದ ಚಿತ್ರ. ಮುಂದೆ ಮಂಡ್ಯದ ಸಂಸದೆಯಾಗಿ ನಮಗೆಲ್ಲ ಪರಿಚಿತರಾದ ಸುಮಲತಾ ಅವರೇ ಇದರ ಕ್ಲಾರಾ. ಅವಳನ್ನು ವೇಶ್ಯಾವೃತ್ತಿಗೆ ಎಳೆಯಲು ಕರೆಸಿಕೊಳ್ಳಬೇಕೆಂದು ನಾಯಕ ಜಯಕೃಷ್ಣನ್ ಒಂದು ಸುಳ್ಳು ಪತ್ರ ಬರೆಯುತ್ತಾನೆ, ಅದೂ ಕಾನ್ವೆಂಟಿನ ಮದರ್ ಸುಪೀರಿಯರ್ ಹೆಸರಿನಲ್ಲಿ. ಅವನು ಬರೆಯುತ್ತಿರುವಾಗ ಹೊರಗೆ ಮಳೆ ಸುರಿಯುತ್ತದೆ. ಕ್ಲಾರಾಳನ್ನು ಅವನಿನ್ನೂ ಕಂಡೇ ಇಲ್ಲ. ಆದರೆ ಮುಂದೆ ಅವಳು ಬಂದಾಗಲೆಲ್ಲ ಬರುವ ಮಳೆ ಅಲ್ಲಿಯೇ ಶುರುವಾಗಿಬಿಟ್ಟಿದೆ. ಈ ಚಿತ್ರದ ಮಳೆಯನ್ನು ಬರೀ ಛಾಯಾಗ್ರಹಣದ ಸೊಗಸೆಂದು ಹೊಗಳುವವರು ಆ ಪತ್ರವನ್ನು ಮರೆಯುತ್ತಾರೆ. ಮೋಸಕ್ಕೆಂದು ಹಿಡಿದ ಲೇಖನಿ ಬರೆಯುವವನನ್ನೇ ಸಿಕ್ಕಿಸಿಹಾಕುವ ಈ ಪ್ರಸಂಗವನ್ನು, ಬರವಣಿಗೆಯ ಕಸುಬು ಗೊತ್ತಿದ್ದವರಷ್ಟೇ ಹೀಗೆ ಕಲ್ಪಿಸಬಲ್ಲರು.

ಕ್ಲಾರಾಳಿಗೂ ಶಿಕ್ಷೆಯಿಲ್ಲ. ಕೊನೆಯಲ್ಲಿ ಒಟ್ಟಪ್ಪಾಲಂ ರೈಲು ನಿಲ್ದಾಣದಲ್ಲಿ ಅವಳು ಗಂಡ, ಮಗುವಿನೊಂದಿಗೆ ಕಾಣಿಸಿಕೊಂಡು, ಜಯಕೃಷ್ಣನೊಡನೆ ನಾಲ್ಕು ಮಾತಾಡಿ, ಅದೇ ರೈಲಿನಲ್ಲಿ ತನ್ನ ಸಂಸಾರದ ಕಡೆಗೆ ಹೊರಟುಹೋಗುತ್ತಾಳೆ.

‘ಅಪರನ್’, ‘ಮೂನ್ನಾಂ ಪಕ್ಕಂ’, ‘ಇನ್ನಲೆ’ ಇವುಗಳ ನಂತರ 1991ರ ಜನವರಿಯಲ್ಲಿ ‘ಞಾನ್ ಗಂಧರ್ವನ್’ ಬಿಡುಗಡೆಯಾಯಿತು. ಅದೇ ತಿಂಗಳ 24ರಂದು, ಆ ಚಿತ್ರದ ಕೆಲಸಕ್ಕೆಂದು ಕೋಳಿಕ್ಕೋಡಿಗೆ ಹೋಗಿದ್ದ ಪದ್ಮರಾಜನ್ ಅಲ್ಲಿನ ಹೋಟೆಲಿನಲ್ಲಿ ತೀರಿಕೊಂಡರು. ಆಗ ಅವರ ವಯಸ್ಸು 45.