ಮುಂಬೈಗೆ ಬಂದಿಳಿದವರು: ಮಣಿ ಕೌಲ್ ಅವರ ಕ್ಯಾಮೆರಾ

(ದೃಶ್ಯ: ಬೆಳಗಿನ ಜಾವ, ದಾದರ್ ಹೂವಿನ ಮಾರುಕಟ್ಟೆ. ಮೊದಲ ಇಪ್ಪತ್ತು ಸೆಕೆಂಡು ಮಾತಿಲ್ಲ, ಸಂತೆಯ ಸದ್ದು ಮಾತ್ರ.)

ನಿರೂಪಣೆ:
ನಮಸ್ಕಾರ. ನನ್ನಪ್ಪ ಕುಂದಾಪುರದಿಂದ ಬಸ್ಸು ಹತ್ತಿ ಮುಂಬೈಗೆ ಬಂದಾಗ ಅವರಿಗೆ ಹದಿನಾಲ್ಕು ವರ್ಷ. ಹಗಲು ಫೋರ್ಟಿನ ಹೋಟೆಲೊಂದರಲ್ಲಿ ಟೇಬಲ್ ಒರೆಸೋದು, ರಾತ್ರಿ ಕನ್ನಡ ರಾತ್ರಿಶಾಲೆ. ಈ ವಿಡಿಯೋ ನೋಡುತ್ತಿರುವ ಎಷ್ಟೋ ಮನೆಗಳ ಕಥೆ ಇದೇ ಅಲ್ವಾ? ಈ ಊರಿಗೆ ಹೀಗೆ ಬಂದಿಳಿಯುವವರ ಮೇಲೆ ಸಿನಿಮಾ ನಿರ್ದೇಶಕ ಮಣಿ ಕೌಲ್ 1980ರಲ್ಲಿ ಒಂದು ಪುಟ್ಟ ಸಾಕ್ಷ್ಯಚಿತ್ರ ಮಾಡಿದರು. ಹೆಸರು ‘ಅರೈವಲ್’.

ಅದನ್ನು ಮಾಡಿಸಿದ್ದು ಫಿಲ್ಮ್ಸ್ ಡಿವಿಷನ್, ಅಂದರೆ ಕೇಂದ್ರ ಸರ್ಕಾರದ ಸಾಕ್ಷ್ಯಚಿತ್ರ ಸಂಸ್ಥೆ. ಹಿರಿಯರಿಗೆ ನೆನಪಿರಬಹುದು, ಟಾಕೀಸಿನಲ್ಲಿ ಸಿನಿಮಾ ಶುರುವಾಗೋ ಮೊದಲು ಅವರ ರೀಲು ಓಡುತ್ತಿತ್ತು. ಅಣೆಕಟ್ಟು ತೋರಿಸಿದರೂ ಗದ್ದೆ ತೋರಿಸಿದರೂ, ಹಿಂದೆ ಒಂದು ಗಡಸು ದನಿ ಎಲ್ಲವನ್ನೂ ಬಿಡಿಸಿ ಹೇಳುತ್ತಿತ್ತು. ‘ಅರೈವಲ್’ನಲ್ಲಿ ಆ ದನಿ ಇಲ್ಲ. ನಗರಕ್ಕೆ ತರಕಾರಿ ಬರುತ್ತದೆ, ಹೂವು ಬರುತ್ತದೆ, ಕುರಿಮಂದೆ ಬರುತ್ತದೆ. ದುಡಿಯೋಕೆ ಮನುಷ್ಯರೂ ಬರುತ್ತಾರೆ. ಕ್ಯಾಮೆರಾ ಎಲ್ಲವನ್ನೂ ಒಂದೇ ತಾಳ್ಮೆಯಿಂದ ನೋಡುತ್ತದೆ. ಕುರಿಗಳು ಹೋಗುವುದು ಕಸಾಯಿಖಾನೆಗೆ. ಮನುಷ್ಯರು ಎಲ್ಲಿಗೆ ಅನ್ನೋದನ್ನು ಕೌಲ್ ಬಾಯಿಬಿಟ್ಟು ಹೇಳೋದಿಲ್ಲ, ನಮ್ಮ ಹೊಟ್ಟೆಯೊಳಗೇ ಅದು ಕಲಸುತ್ತದೆ.

(ದೃಶ್ಯ: ಪುಣೆ, ಫಿಲ್ಮ್ ಇನ್‌ಸ್ಟಿಟ್ಯೂಟಿನ ಗೇಟು.)

ಕೌಲ್ ಹುಟ್ಟಿದ್ದು 1944ರಲ್ಲಿ, ಜೋಧಪುರದಲ್ಲಿ. ಪುಣೆಯಲ್ಲಿ ಓದಿದರು, ಬಂಗಾಳಿ ನಿರ್ದೇಶಕ ಋತ್ವಿಕ್ ಘಟಕ್ ಅವರ ಶಿಷ್ಯ. ಮೊದಲ ಕಥಾಚಿತ್ರ ‘ಉಸ್ಕಿ ರೋಟಿ’. ಬಸ್ ಡ್ರೈವರ್ ಗಂಡನಿಗಾಗಿ ಬುತ್ತಿ ಹಿಡಿದು ರಸ್ತೆಯಲ್ಲಿ ಕಾಯುವ ಹೆಂಡತಿ, ಕಥೆ ಅಷ್ಟೇ. ಬಹಳ ಮಂದಿಗೆ ಅದು ಬೇಸರ ತಂದಿತು. ಆದರೆ ಕಾಯೋದರ ಬಗ್ಗೆ ಸಿನಿಮಾ ಮಾಡುವವನು ನೋಡುವವನನ್ನೂ ಕಾಯಿಸಲೇಬೇಕು ಅಂತ ನನಗನಿಸುತ್ತದೆ.

ಈ ನಿಧಾನದ ಬೇರು ಸಂಗೀತದಲ್ಲಿದೆ. ಕೌಲ್ ರುದ್ರವೀಣೆಯ ಉಸ್ತಾದ್ ಜಿಯಾ ಮೊಹಿಯುದ್ದೀನ್ ಡಾಗರ್ ಅವರಲ್ಲಿ ಧ್ರುಪದ್ ಅನ್ನೋ ಹಿಂದೂಸ್ತಾನಿ ಸಂಗೀತದ ಹಳೆಯ ಪ್ರಕಾರವನ್ನು ಕಲಿತವರು. ಅದರಲ್ಲಿ ರಾಗವನ್ನು ನಿಧಾನವಾಗಿ ಬಿಡಿಸುವ ಮೊದಲ ಭಾಗವೇ ಆಲಾಪ; ಅಲ್ಲಿ ಸಾಹಿತ್ಯವಿಲ್ಲ, ತಾಳವಿಲ್ಲ. ಒಂದು ಸ್ವರದ ಸುತ್ತ ಸುಳಿದಾಡಿ, ಅದು ತಾನಾಗಿ ಅರಳಿದ ಮೇಲೆ ಮುಂದಿನದು. ಕೌಲ್ ಶಾಟುಗಳನ್ನೂ ಹಾಗೇ ಹಿಡಿದರು. 1982ರ ‘ಧ್ರುಪದ್’ ಚಿತ್ರದಲ್ಲಿ ಆ ಉಸ್ತಾದರೂ ಅವರ ತಮ್ಮ ಫರೀದುದ್ದೀನ್ ಡಾಗರ್ ಅವರೂ ಇದ್ದಾರೆ. ಕೊನೆಗೆ ಕ್ಯಾಮೆರಾ ಮುಂಬೈ ಮಹಾನಗರದ ಮೇಲೆ ಒಂದೇ ಉಸಿರಿನಲ್ಲಿ ಸಾಗುತ್ತದೆ, ಜೊತೆಗೆ ರಾಗ. ಈ ಊರನ್ನು ಅಷ್ಟು ಸಾವಧಾನವಾಗಿ ನೋಡಿದವರು ಅಪರೂಪ.

ಆಮೇಲೆ ಕುಂಬಾರಿಕೆಯ ಮೇಲೆ ‘ಮಾಟಿ ಮಾನಸ್’ ಬಂತು, ಬನಾರಸಿನ ಠುಮ್ರಿ ಗಾಯಕಿಯ ಮೇಲೆ ‘ಸಿದ್ಧೇಶ್ವರಿ’ ಬಂತು. 2011ರ ಜುಲೈನಲ್ಲಿ ಕೌಲ್ ತೀರಿಕೊಂಡರು.

(ದೃಶ್ಯ: ಕತ್ತಲ ಕೋಣೆ, ಲ್ಯಾಪ್‌ಟಾಪಿನ ಬೆಳಕು.)

ಕಳೆದ ತಿಂಗಳು ಅಪ್ಪನಿಗೆ ‘ಅರೈವಲ್’ ಹಾಕಿ ತೋರಿಸಿದೆ. ಮುಗಿಯೋವರೆಗೂ ತುಟಿಪಿಟಕ್ಕೆನ್ನಲಿಲ್ಲ. ಆಮೇಲೆ ಕನ್ನಡಕ ತೆಗೆದು ಒರೆಸಿಕೊಂಡು ಹೇಳಿದರು: “ಆ ಕುರಿ ಬಪ್ಪುದ್ ಇನ್ನೊಂದ್ ಸಲ ಹಾಕ್, ಕಾಂಬ.”