ಬೆಳಕು ಎಲ್ಲಿಂದ ಬರುತ್ತಿದೆ ನೋಡಿ: ಛಾಯಾಗ್ರಾಹಕ ವಿ. ಕೆ. ಮೂರ್ತಿ

ಕೇಳುಗ ಮಿತ್ರರಿಗೆ ನಮಸ್ಕಾರ.

ಇವತ್ತು ನಿಮ್ಮಿಂದ ಒಂದೇ ಒಂದು ಕೆಲಸ ಮಾಡಿಸಬೇಕು ಅಂತ ಬಂದಿದ್ದೇನೆ. ಸಿನಿಮಾ ನೋಡುವಾಗ ನಾಯಕನ ಮುಖ ನೋಡುತ್ತೀರಿ, ನಾಯಕಿಯ ಸೀರೆ ನೋಡುತ್ತೀರಿ. ನೋಡಿ, ಬೇಡ ಅನ್ನುವುದಿಲ್ಲ. ಜೊತೆಗೆ, ಬೆಳಕು ಎಲ್ಲಿಂದ ಬರುತ್ತಿದೆ ಅಂತಲೂ ನೋಡಿ. ಕಿಟಕಿಯಿಂದಲೋ, ಮಾಡಿನಿಂದಲೋ, ಬಾಗಿಲ ಸಂದಿಯಿಂದಲೋ? ಅದನ್ನು ಅಲ್ಲಿಗೆ ತಂದವರೊಬ್ಬರು ಇರುತ್ತಾರೆ. ಪರದೆಯ ಮೇಲೆ ಅವರು ಕಾಣಿಸುವುದೇ ಇಲ್ಲ.

ಅಂಥವರಲ್ಲಿ ನಮ್ಮ ಮೈಸೂರಿನವರು ವಿ. ಕೆ. ಮೂರ್ತಿ. ಹುಟ್ಟಿದ್ದು 1923ರಲ್ಲಿ. ಪಿಟೀಲು ನುಡಿಸುತ್ತಿದ್ದರು, ಸ್ವಾತಂತ್ರ್ಯ ಚಳವಳಿಯಲ್ಲಿ ಜೈಲಿಗೂ ಹೋಗಿಬಂದರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು, 1946ರಲ್ಲಿ ಡಿಪ್ಲೊಮಾ ಪಡೆದು ಮುಂಬೈಗೆ ಹೋದರು. ಅಲ್ಲಿ ಫಲಿ ಮಿಸ್ತ್ರಿಯವರಂಥ ದೊಡ್ಡ ಛಾಯಾಗ್ರಾಹಕರ ಕೈಕೆಳಗೆ ಸಹಾಯಕರಾಗಿ ದುಡಿದರು. ಫಿಲಂ ತುಂಬುವುದು, ಟೇಪು ಹಿಡಿದು ಫೋಕಸ್ ಅಳೆಯುವುದು, ಲೆನ್ಸ್ ಒರೆಸುವುದು, ಕ್ಯಾಮೆರಾ ಸಹಾಯಕನ ಕೆಲಸ ಅಂದರೆ ಇದೇ. 1951ರ 'ಬಾಜಿ' ಚಿತ್ರದಲ್ಲೂ ಅವರು ಸಹಾಯಕರೇ. ಒಂದು ಹಾಡಿಗೆ ಕನ್ನಡಿಯೊಳಗಿನ ಬಿಂಬದ ಕಷ್ಟದ ಶಾಟ್ ಒಂದನ್ನು ಅವರೇ ತೆಗೆದುಕೊಟ್ಟರು. ನಿರ್ದೇಶಕ ಗುರುದತ್ ಅವರಿಗೆ ಅಷ್ಟು ಸಾಕಾಯಿತು. ಮುಂದಿನ 'ಜಾಲ್' ಚಿತ್ರಕ್ಕೆ ಮೂರ್ತಿಯವರೇ ಛಾಯಾಗ್ರಾಹಕರು.

ಈಗ ನಾನು ಹೇಳಲೇಬೇಕಾದ ಕಥೆಗೆ ಬರುತ್ತೇನೆ. 1959ರ 'ಕಾಗಜ್ ಕೆ ಫೂಲ್'. ಭಾರತದ ಮೊದಲ ಸಿನಿಮಾಸ್ಕೋಪ್, ಅಂದರೆ ಅಗಲ ಪರದೆಯ ಚಿತ್ರ. ಖಾಲಿ ಸ್ಟುಡಿಯೊ ಒಂದರಲ್ಲಿ ನಿರ್ದೇಶಕನೂ ನಟಿಯೂ ಎದುರುಬದುರು ನಿಂತಿದ್ದಾರೆ. ಆ ಪಾತ್ರಗಳಲ್ಲಿ ಗುರುದತ್ ಮತ್ತು ವಹೀದಾ ರೆಹಮಾನ್. ಗೀತಾ ದತ್ ಹಾಡುತ್ತಿದ್ದಾರೆ. ಮೇಲಿನಿಂದ ಬಿಸಿಲಿನ ಒಂದೇ ಒಂದು ಕೋಲು ಅವರಿಬ್ಬರ ನಡುವೆ ಇಳಿಯಬೇಕು. ಇದು ಗುರುದತ್ತರ ಆಸೆ.

ಲೈಟು ಹಾಕಿದರೆ ಆಯಿತಲ್ಲ ಅಂತೀರಿ. ಆಗುವುದಿಲ್ಲ ಸ್ವಾಮಿ! ಸ್ಟುಡಿಯೊದ ಲೈಟು ಹತ್ತಿರದಲ್ಲಿರುತ್ತದೆ. ಅದರ ಬೆಳಕು ಹೊರಟ ಜಾಗದಿಂದಲೇ ಅಗಲವಾಗುತ್ತಾ ಹೋಗುತ್ತದೆ. ಸೂರ್ಯ ಕೋಟಿಗಟ್ಟಲೆ ಮೈಲಿ ದೂರದಲ್ಲಿದ್ದಾನೆ. ಅವನ ಕಿರಣಗಳು ನಮ್ಮ ಹತ್ತಿರ ಬರುವ ಹೊತ್ತಿಗೆ ಅಕ್ಕಪಕ್ಕ ಸಾಲಾಗಿ, ನೇರವಾಗಿ ಬರುತ್ತವೆ. ಕಣ್ಣಿಗೆ ಈ ವ್ಯತ್ಯಾಸ ತಕ್ಷಣ ಗೊತ್ತಾಗುತ್ತದೆ. ಹಾಗಾಗಿ ಮೂರ್ತಿಯವರು ಸೂರ್ಯನನ್ನೇ ಒಳಗೆ ಕರೆದರು. ಹೊರಗೊಂದು ದೊಡ್ಡ ಕನ್ನಡಿ, ಒಳಗೆ ಲೈಟು ಕಟ್ಟುವ ಅಟ್ಟಣಿಗೆಯ ಮೇಲೆ ಇನ್ನೊಂದು. ಹೊರಗಿನದು ಬಿಸಿಲನ್ನು ಒಳಕ್ಕೆ ಎಸೆಯಿತು, ಒಳಗಿನದು ಕೆಳಕ್ಕೆ ತಿರುಗಿಸಿತು. ಅಷ್ಟೇ! ಬಿಸಿಲಿನ ಕೋಲು ಇಳಿಯಿತು. ಗಾಳಿಯಲ್ಲಿ ಹೊಗೆಯೋ ಧೂಳೋ ಇದ್ದರೆ ಮಾತ್ರ ಕೋಲು ಕಾಣುತ್ತದೆ, ಹೊಗೆ ಇಲ್ಲದಿದ್ದರೆ ನೆಲದ ಮೇಲೆ ಬರೀ ಮಚ್ಚೆ. ಸೂರ್ಯನೋ ಒಂದು ಕಡೆ ನಿಲ್ಲುವವನಲ್ಲ, ಅವನು ಸರಿದಂತೆ ಕನ್ನಡಿಯೂ ಸರಿಯಬೇಕು. ಆ ಹಾಡು ನೋಡುವಾಗ ಇದಷ್ಟೂ ನೆನಪಿರಲಿ. ಬೆಳಕು ಎಲ್ಲಿಂದ ಬರುತ್ತಿದೆ ನೋಡಿ. ಚಿತ್ರ ಆಗ ಓಡಲಿಲ್ಲ. ಛಾಯಾಗ್ರಹಣಕ್ಕೆ ಫಿಲಂಫೇರ್ ಪ್ರಶಸ್ತಿ ಬಂತು.

ಹೊತ್ತು ಸರಿಯುತ್ತಿದೆ, ಉಳಿದದ್ದನ್ನು ಬೇಗ ಹೇಳುತ್ತೇನೆ. 1962ರ 'ಸಾಹಿಬ್ ಬೀಬಿ ಔರ್ ಗುಲಾಮ್' ಚಿತ್ರದಲ್ಲಿ ಕೋಠಾದ, ಅಂದರೆ ನರ್ತಕಿಯರ ಮನೆಯ, ನೃತ್ಯವೊಂದಿದೆ. ಅದರಲ್ಲಿ ಮುಖ್ಯ ನರ್ತಕಿಗೆ ಮಾತ್ರ ಬೆಳಕು. ಹಿಂದೆ ಕುಣಿಯುವವರೆಲ್ಲ ನೆರಳು, ಅವರ ಮುಖ ಹುಡುಕಿದರೂ ಸಿಗುವುದಿಲ್ಲ. ಇಂಥದ್ದನ್ನು ನೀವು ಮೊಬೈಲಿನಲ್ಲಿ ನೋಡುತ್ತಾ, ಕತ್ತಲೆ ಅಂತ ಬ್ರೈಟ್‌ನೆಸ್ ಏರಿಸುತ್ತೀರಿ. ದಯವಿಟ್ಟು ಏರಿಸಬೇಡಿ! ಆ ಕತ್ತಲೆ ಬೇಕಂತಲೇ ಇಟ್ಟದ್ದು.

ಕಪ್ಪು ಬಿಳುಪಿಗಷ್ಟೇ ಅವರು ನಿಲ್ಲಲಿಲ್ಲ. ಬಣ್ಣದ ಛಾಯಾಗ್ರಹಣ ಕಲಿಯಲು ಲಂಡನ್ನಿಗೆ ಹೋದರು. ಗುರುದತ್ 1964ರಲ್ಲಿ ತೀರಿಕೊಂಡ ಮೇಲೆ ಬೇರೆಯವರ ಬಣ್ಣದ ಚಿತ್ರಗಳಿಗೆ ದುಡಿದರು. ದೂರದರ್ಶನಕ್ಕೆ 'ತಮಸ್' ಧಾರಾವಾಹಿ ಬಂದಾಗ ಅದರ ನಿರ್ದೇಶಕ ಗೋವಿಂದ ನಿಹಲಾನಿಯವರ ಜೊತೆಗಿದ್ದರು. ಆ ನಿಹಲಾನಿ ಹಿಂದೆ ಇವರ ಸಹಾಯಕರಾಗಿದ್ದವರು, ಓದಿದ್ದೂ ಅದೇ ಬೆಂಗಳೂರಿನ ಪಾಲಿಟೆಕ್ನಿಕ್‌ನಲ್ಲಿ. ಕನ್ನಡಕ್ಕೆ ಮೂರ್ತಿಯವರು ಬಂದದ್ದು ತಡವಾಗಿ, ಎಪ್ಪತ್ತರ ಅಂಚಿನಲ್ಲಿ, 1993ರ 'ಹೂವು ಹಣ್ಣು' ಚಿತ್ರಕ್ಕೆ. ಇಷ್ಟು ವರ್ಷ ಯಾಕೆ ಕರೆಯಲಿಲ್ಲವೋ, ನನಗೆ ಇವತ್ತಿಗೂ ಬೇಸರ.

2008ರ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಬಂತು. ಆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ ಅವರು. 2014ರ ಏಪ್ರಿಲ್‌ನಲ್ಲಿ ಬೆಂಗಳೂರಿನಲ್ಲೇ ತೀರಿಕೊಂಡರು.

ಕ್ಯಾಮೆರಾ ಕಲಿಯುತ್ತಿರುವ ಮಕ್ಕಳು ಯಾರಾದರೂ ಕೇಳುತ್ತಿದ್ದರೆ, ಮೊದಲು ಆ ಕೋಠಾದ ನೃತ್ಯವನ್ನು ಸದ್ದು ಪೂರ್ತಿ ತಗ್ಗಿಸಿ ನೋಡಿ. ಆಮೇಲೆ ಕನ್ನಡಿಯ ಬಿಸಿಲಿನ ಹಾಡನ್ನು ನೋಡಿ. ನಮಸ್ಕಾರ.